ಮೂಸೆಗೆ ಹೇಳಿದ ಮಾತು

ರಸಾಯನಶಾಸ್ತ್ರದ ಪ್ರಾಯೋಗಿಕ ಪರೀಕ್ಷೆಗೆ ಅಂಬಿಕಾ ಬಂದದ್ದು ಇದು ಮೂರನೆಯ ಸಲ. ನಿಯಮದ ಪ್ರಕಾರ ಕೊನೆಯ ಸಲ. ಪ್ರಶ್ನೆಪತ್ರಿಕೆ ಎಂದಿನಂತೆಯೇ ಇತ್ತು: ಹತ್ತು ಗ್ರಾಂ ಸೀಸ, ಎರಡು ಹನಿ ಪಾದರಸ, ಯಾರಿಗೂ ಗೊತ್ತಿಲ್ಲದ ಒಂದು ಸತ್ಯ. ಲೋಹ ಕರಗಿಸುವ ಮೂಸೆಯಲ್ಲಿ ಚಿನ್ನ ಬಂದರೆ ಪಾಸು.

ಅವಳ ಸರದಿ ಬಂದಾಗ ಅಟೆಂಡರ್ ದಸ್ತಗೀರ ಉಳಿದವರಿಗೆಲ್ಲ ಹತ್ತಿಯ ಉಂಡೆ ಹಂಚಿದ. "ಕಿವ್ಯಾಗ ಇಟ್ಕೊಂಡು ಗ್ವಾಡಿ ಕಡೆ ತಿರುಗ್ರಿ. ಯವ್ವಾ ಅಂಬಿಕಾ, ಈ ಸಲನೂ ಗೆಳತಿ ಕಡೆಯಿಂದ ಗುಟ್ಟು ಕಡ ತಂದೀಯೇನು?"

"ಇಲ್ಲ ಕಾಕಾ, ಇದು ನಂದ ಐತಿ."

ಎಲ್ಲರೂ ತಿರುಗಿ ನಿಂತರು, ಪರೀಕ್ಷಕರಾದ ಹಂಪಣ್ಣವರ ಸರ್ ಕೂಡ. ಅಜ್ಜಿಯ ಮೂಗುತಿ ಕಳೆದದ್ದು ತಾನೇ ಎಂದು ಅಂಬಿಕಾ ಮೂಸೆಗೆ ಹೇಳಿದಳು. ಸೀಸ ಕರಗಿತು, ಬಣ್ಣ ಬದಲಾಗಲಿಲ್ಲ. ಅಜ್ಜಿಗೆ ಮೊದಲೇ ಗೊತ್ತಿದ್ದಿರಬೇಕು.

ಇನ್ನು ಐದೇ ನಿಮಿಷ ಉಳಿದಿತ್ತು. ಅವಳು ಸಿಟ್ಟಿನಿಂದ ಬಾಗಿ ಪಿಸುಗುಟ್ಟಿದಳು: "ಸೀಸ ಬಂಗಾರ ಆಗತೈತಿ ಅಂತ ನಾ ಒಂದಿನಾನೂ ನಂಬಿಲ್ಲ. ಎಲ್ಲಾರೂ ಅಂಗಿ ತೋಳಿನಾಗ ಬಂಗಾರ ಬಚ್ಚಿಟ್ಕೊಂಡು ಬರತಾರ ಅಂತನ ತಿಳ್ಕೊಂಡೀನಿ."

ಮೂಸೆಯ ಅಂಚಿನಿಂದ ನಡುವಿನತ್ತ ಹಳದಿ ಮೆಲ್ಲಗೆ ಹರಡಿತು. ಬೂದುಬಣ್ಣದ ಕೊನೆಯ ಚುಕ್ಕೆಯೂ ಮುಳುಗಿತು.

ಇಕ್ಕಳ ಹಿಡಿದ ಕೈ ಅಲುಗಿಸದೆ ಅಂಬಿಕಾ ನೋಡುತ್ತ ನಿಂತಳು. ಈಗಷ್ಟೇ ಹೇಳಿದ ಆ ಸತ್ಯ ಇನ್ನೆಂದೂ ಸತ್ಯವಾಗಿರುವುದಿಲ್ಲ. ಗೋಡೆಯತ್ತ ತಿರುಗಿದ್ದ ಬೆನ್ನುಗಳನ್ನು ಒಮ್ಮೆ ನೋಡಿದಳು. ಅವರಲ್ಲಿ ಎಷ್ಟೋ ಜನ ಇದನ್ನು ಹೀಗೆಯೇ, ಒಬ್ಬೊಬ್ಬರೇ ನಿಂತು ಕಂಡವರು.

ಗಂಟೆ ಬಾರಿಸುವವರೆಗೂ ಅವಳು ಯಾರನ್ನೂ ಕರೆಯಲಿಲ್ಲ.