ಕಣ್ಣಾರೆ ಕಂಡೆ ಎಂದವನು

ಬಾಗಲಕೋಟೆ ಕಡೆಯ ಒಂದು ನೇಕಾರರ ಓಣಿ. ಅಲ್ಲಿ ಒಬ್ಬರ ಮನೆಯ ಕಷ್ಟ ಅಂದ್ರೆ ಎಲ್ಲರ ಮನೆಯ ಕಷ್ಟ...

ಒಂದು ಸಂಜೆ ಸಾಹುಕಾರರ ಶೆಡ್ಡಿಗೆ ಬೆಂಕಿ ಬಿತ್ತು. ಒಳಗಿದ್ದ ಓಣಿಯವರ ಮಗ್ಗಗಳೆಲ್ಲ ಸುಟ್ಟು ಬೂದಿಯಾದವು.

ಅಲ್ಲಿ ನೂಲು ಸುತ್ತುವ ಮುದುಕಿ ನಿಂಬೆವ್ವ, ಕರೆಂಟ್ ಹೋದಾಗ ಹಚ್ಚಿದ್ದ ಸೀಮೆಎಣ್ಣೆಯ ಚಿಮಣಿ ದೀಪ ಆರಿಸಿ ಮನೆಗೆ ಹೋದದ್ದನ್ನು ಅಲ್ಲೇ ನೇಯುವ ಮುರಗೆಪ್ಪ ಕಂಡಿದ್ದ. ಆಮೇಲೆ ಕರೆಂಟ್ ವಾಪಸ್ ಬಂದಾಗ ಸ್ವಿಚ್ ಬೋರ್ಡ್‌ನಿಂದ ಕಿಡಿ ಹಾರಿದ್ದನ್ನೂ ನೋಡಿದ್ದ. ಹಳೇ ವೈರಿಂಗ್... ಸಾಹುಕಾರರು ರಿಪೇರಿ ಮಾಡಿಸಿರಲಿಲ್ಲ.

ಸಾಹುಕಾರರು ಅವನನ್ನು ಪಕ್ಕಕ್ಕೆ ಕರೆದರು. "ನೇಕಾರರ ಸಂಘದ ಅಧ್ಯಕ್ಷ ಆಗ್ಬೇಕಂತೀಯಲ್ಲ? ನಿಂಬೆವ್ವ ಚಿಮಣಿ ದೀಪ ಆರಿಸದೇ ಹೋಗಿದ್ಲು ಅಂತ ಹೇಳು. ವಯಸ್ಸಾದಾಕಿ... ಯಾರೇನ್ ಮಾಡ್ತಾರ?"

ಮುರಗೆಪ್ಪ ಓಣಿಯವರ ಮುಂದೆ ನಿಂತು ಹೇಳಿಬಿಟ್ಟ. "ನಾ ಕಣ್ಣಾರೆ ಕಂಡೀನಿ."

ಅವನು ಅಧ್ಯಕ್ಷನಾದ. ನಿಂಬೆವ್ವನ ಜೊತೆ ಓಣಿ ಮಾತು ಬಿಟ್ಟಿತು.

ಹೊಸ ಅಧ್ಯಕ್ಷನ ಸನ್ಮಾನದ ದಿನ ಬೆಳಿಗ್ಗೆ ಅವಳ ಮನೆ ಮುಂದೆ ಹಾದುಹೋಗುವಾಗ ಮುದುಕಿಯೇ ಕರೆದಳು. ನೆನೆಸಿದ ಅವಲಕ್ಕಿ ತಿನ್ನುತ್ತಿದ್ದಳು. ಒಲೆ ತಣ್ಣಗಿತ್ತು.

"ಯಾಕ ಆಯಿ, ಅಡಿಗಿ ಮಾಡಿಲ್ಲೇನು?"

"ಬೆಂಕಿ ಹಚ್ಚಾಕ ಅಂಜಿಕಿ ತಮ್ಮಾ... ದೀಪ ಆರಿಸಿದ್ದು ನನಗ ನೆನಪೈತಿ. ಆದ್ರ ನೀ ಕಂಡೀನಿ ಅಂದಿ. ನೀ ಸುಳ್ಳ ಹೇಳಾಂವಲ್ಲ. ನನ್ನ ತಲಿನೇ ಕೆಟ್ಟಿರಬೇಕು."

ಮುರಗೆಪ್ಪನಿಗೆ ಉಸಿರು ಕಟ್ಟಿತು.

ನಿಜ ಹೇಳಿದರೆ ಕುರ್ಚಿ ಹೋಗುತ್ತೆ, ಸಾಹುಕಾರರು ಸುಮ್ಮನೆ ಬಿಡಲ್ಲ, ಓಣಿಯಲ್ಲಿ ಮುಖ ಎತ್ತಿ ತಿರುಗೋ ಹಾಗಿಲ್ಲ... ಹೇಳದಿದ್ದರೆ ಈ ಮುದುಕಿ ತನಗೆ ಹುಚ್ಚು ಅಂತಲೇ ಸಾಯುತ್ತಾಳೆ!

ಸಂಜೆ ಸನ್ಮಾನ. ದಾರಿಯುದ್ದಕ್ಕೂ ನಮಸ್ಕಾರ... ಅವನು ಯಾರ ಮುಖವನ್ನೂ ನೋಡದೆ ನಡೆದ. ಕೊರಳಿಗೆ ಹಾರ ಬಿತ್ತು. ಕೈಗೆ ಮೈಕ್ ಬಂತು.

"ನಾ ಸುಳ್ಳ ಹೇಳೀನಿ," ಅಂದ. ಕಿಡಿ ಹಾರಿದ್ದು, ಸಾಹುಕಾರರ ಮಾತು, ತನ್ನ ಆಸೆ... ಎಲ್ಲ ಹೇಳಿದ.

ಸಾಹುಕಾರರು ಎದ್ದು ಹೊರಟರು. ಮುಂದಿನ ಸಾಲಿನಿಂದ ಒಂದು ಚಪ್ಪಲಿ ಹಾರಿ ಬಂತು. ಅವನು ತಪ್ಪಿಸಿಕೊಳ್ಳಲಿಲ್ಲ.

ಹಿಂದೆ ಒಬ್ಬಳೇ ಕೂತಿದ್ದ ನಿಂಬೆವ್ವ ಎದ್ದು ನಿಂತಳು.

"ಹಂಗಾದ್ರ... ದೀಪ ನಾ ಆರಿಸಿದ್ನಾ?"

"ಆರಿಸಿದ್ದಿ ಆಯಿ."

"ನನ್ನ ತಲಿ ಕೆಟ್ಟಿಲ್ಲ?"

"ಇಲ್ಲ ಆಯಿ..."

ಮುದುಕಿ ಸೆರಗಿನಲ್ಲಿ ಮುಖ ಮುಚ್ಚಿಕೊಂಡು ಗಳಗಳ ಅತ್ತಳು. ಅವನನ್ನು ಬೈಯಲಿಲ್ಲ. ಕ್ಷಮಿಸಿದೆ ಅಂತಲೂ ಹೇಳಲಿಲ್ಲ. ಓಣಿಯ ಹೆಂಗಸರು ತಲೆ ತಗ್ಗಿಸಿ ಅವಳ ಸುತ್ತ ಬಂದು ನಿಂತರು.

ಮುರಗೆಪ್ಪ ಇವತ್ತಿಗೂ ಅದೇ ಓಣಿಯಲ್ಲಿದ್ದಾನೆ. ಅವನ ಜೊತೆ ಮಾತಾಡುವವರು ಕಡಿಮೆ... ಆದರೆ ಅವನಿಗೆ ಈಗ ಉಸಿರಾಡೋಕೆ ಆಗುತ್ತೆ.

*ನಮ್ಮನ್ನು ನಂಬಿದವರಿಗೆ ಹೇಳಿದ ಸುಳ್ಳು, ಅವರಿಗೆ ತಮ್ಮ ಮೇಲಿದ್ದ ನಂಬಿಕೆಯನ್ನೇ ಕಿತ್ತುಕೊಳ್ಳುತ್ತದೆ.*

ನಾವು ಮೇಲೇರೋಕೆ ಆಡಿದ ಯಾವ ಮಾತಿನಿಂದ, ಯಾರು ಇವತ್ತು ತಮ್ಮನ್ನೇ ಅನುಮಾನಿಸಿಕೊಂಡು ಕೂತಿದ್ದಾರೋ... ಒಮ್ಮೆ ಯೋಚಿಸ್ತೀರಾ? 🙏