ಟ್ರ್ಯಾಕ್ ಹಾಡಿದವಳು

ಮೊದಲು ವಾದ್ಯಗೋಷ್ಠಿಯಲ್ಲಿ ಕೊಳಲು, ಆಮೇಲೆ ಸಿನಿಮಾ ನಿರ್ಮಾಣ, ಈಗ ಕಾಮಿಕ್ಸ್ ಪ್ರಕಾಶನ. ಮೂರರಲ್ಲೂ ಹೆಸರು ಮಾಡಿದ್ದ ಧನಪಾಲರು, ತರುಣಿಯೊಬ್ಬಳು ಬರೆದು ತಂದಿದ್ದ ಕಾಮಿಕ್ಸಿನ ಹನ್ನೊಂದನೇ ಪುಟದಲ್ಲಿ ನಿಂತುಬಿಟ್ಟರು. ಅದರಲ್ಲಿ, ಹೆಸರಾಂತ ಗಾಯಕಿ ಬರುವವರೆಗೆ ಎಂದು ಟ್ರ್ಯಾಕ್ ಹಾಡಿದ ಹೆಂಗಸಿನ ದನಿಯನ್ನೇ ನಿರ್ಮಾಪಕ ಸಿನಿಮಾದಲ್ಲಿ ಉಳಿಸಿಕೊಂಡು, ಕ್ಯಾಸೆಟ್ಟಿನ ಮೇಲೆ ಆ ಗಾಯಕಿಯ ಹೆಸರು ಹಾಕಿಸುತ್ತಾನೆ. ಮೂವತ್ತೊಂದು ವರ್ಷದ ಹಿಂದೆ ಹಾಗೆ ಹಾಕಿಸಿದವರು ಧನಪಾಲರೇ.

"ಈ ಹೆಂಗಸು ಯಾರಮ್ಮ?"

"ನಮ್ಮಮ್ಮ, ಸರ್. ಈಗಲೂ ರೇಡಿಯೋದಲ್ಲಿ ಆ ಹಾಡು ಬಂದ್ರೆ ಎದ್ದು ಹಿತ್ತಲಿಗೆ ಹೋಗ್ಬಿಡ್ತಾರೆ."

ಧನಪಾಲರು ಹಾಳೆಗಳ ಅಂಚನ್ನು ಸುಮ್ಮನೆ ಸರಿಮಾಡಿದರು.

"ಚಿತ್ರಗಳು ಚೆನ್ನಾಗಿವೆ. ನಿರ್ಮಾಪಕನ ಬದಲು ಕ್ಯಾಸೆಟ್ ಕಂಪನಿಯವನು ಅಂತ ಮಾಡಿದ್ರೆ ಹೇಗೆ?"

"ನಡೆದದ್ದು ಹಾಗಲ್ವಲ್ಲ, ಸರ್."

ಅವರು ಹನ್ನೊಂದನೇ ಪುಟವನ್ನು ಮಗುಚಿಟ್ಟರು.

"ಆಯ್ತು, ಅಚ್ಚು ಹಾಕೋಣ. ಆದ್ರೆ ಆ ನಿರ್ಮಾಪಕನ ಹೆಸರು ಪುಸ್ತಕದಲ್ಲಿ ಎಲ್ಲೂ ಬರಲ್ಲ ತಾನೇ?"

"ಒಂದೇ ಒಂದು ಕಡೆ ಬರುತ್ತೆ, ಸರ್," ಎಂದಳು ಅವಳು. "ಪ್ರಕಾಶಕರು ಅನ್ನೋ ಕಡೆ."