ಹನೋರಾ ಗ್ರೇಡಿಯನ್ನು ನೋಡಲು ಬಂದವರು

ಸಭಾಂಗಣ ತುಂಬಿತ್ತು. ಕೋಲ್ಮನ್ ಟೂಹಿಗೆ ಮೊದಲು ಅನುಮಾನ ಹುಟ್ಟಿಸಿದ್ದೇ ಅದು.

ಅವನ ಒಪೆರಾಗಳಿಗೆ ಜನ ಬರುವುದಿಲ್ಲ. ಬರ್ಲಿನ್ನಿನಲ್ಲಿ ಅಷ್ಟಿಷ್ಟು ಬರುತ್ತಿದ್ದರು. ಡಬ್ಲಿನ್ನಿನಲ್ಲಿ ದಾಕ್ಷಿಣ್ಯಕ್ಕೆ ಸ್ನೇಹಿತರು ಬರುತ್ತಿದ್ದರು. ಹುಟ್ಟೂರು ಕಿಲ್‌ಬ್ರಾನಿಯಲ್ಲಿ ಕಳೆದ ಸಲ ಮೊದಲ ಸಾಲೂ ತುಂಬಿರಲಿಲ್ಲ, ಕೊನೆತನಕ ಕೂತವನು ಬೀಗ ಹಾಕಲು ಬಂದವನೊಬ್ಬನೇ. ಆ ಒಪೆರಾದಲ್ಲಿ ನಾಯಕಿ ಒಂದು ಗಂಟೆ ಕಾಲ ಫ್ರಿಜ್ಜಿನ ಬಾಗಿಲು ತೆಗೆದು, ಮುಚ್ಚಿ, ಅದರ ಗುಂಯ್ ಸದ್ದಿಗೆ ಶ್ರುತಿ ಹಿಡಿದು ಹಾಡಿದ್ದಳು.

"ಪಿಟೀಲು ಬಾರಿಸ್ತಿದ್ದಾಗ ಎಷ್ಟು ಒಳ್ಳೇ ಹುಡುಗ," ಎಂದು ಊರು ಮರುಗಿತ್ತು. ಹದಿನಾರಕ್ಕೇ ಪಿಟೀಲಿನಲ್ಲಿ ದೇಶದ ಪದಕ ಗೆದ್ದವನು. ಅವನಿಲ್ಲದೆ ಸುತ್ತಲಿನ ಒಂದು ಮದುವೆಯೂ ನಡೆಯುತ್ತಿರಲಿಲ್ಲ. ಅಂಥವನು ಪಿಟೀಲನ್ನು ಪೆಟ್ಟಿಗೆಗೆ ಹಾಕಿ ಹೊಸಕಾಲದ ಒಪೆರಾ ಆಡಿಸಲು ಹೊರಟಿದ್ದನ್ನು ಊರು ಇನ್ನೂ ಕ್ಷಮಿಸಿರಲಿಲ್ಲ.

ಇಂದು ಕೊನೆಯ ಅವಕಾಶ. ಹಿಂದಿನ ಸಾಲಿನಲ್ಲಿ ಡಬ್ಲಿನ್ನಿನ ಅನುದಾನ ಸಮಿತಿಯ ಹಿಲರಿ ಪ್ರಂಟಿ ಕೂತಿದ್ದರು. ಫೋನಿನಲ್ಲಿ ಅವರು ಸುತ್ತಿ ಬಳಸಿ ಮಾತಾಡಿರಲಿಲ್ಲ. "ನಿಮ್ಮ ಕಲೆ ನಿಮ್ಮೂರವರನ್ನೇ ಮುಟ್ಟೋದಿಲ್ಲ ಅಂದ್ರೆ ತಂಡ ಮುಚ್ಚಿಬಿಡಿ, ಟೂಹಿ."

ಅದಕ್ಕೇ ಅವನು ಎಲ್ಲವನ್ನೂ ಕಳಚಿಹಾಕಿದ್ದ. ವೇದಿಕೆ ಇಲ್ಲ, ಪರದೆ ಇಲ್ಲ, ಟಿಕೆಟ್ ಇಲ್ಲ. ಸಭಾಂಗಣದ ನಡುವೆ ಮುಚ್ಚಿದ ಶವಪೆಟ್ಟಿಗೆ, ಎರಡು ಮೇಣದಬತ್ತಿ. ಪಕ್ಕದಲ್ಲಿ ಕಪ್ಪು ಬಟ್ಟೆ ತೊಟ್ಟ ಗಾಯಕರು, ಸತ್ತ ಮುದುಕಿಯ ಮಕ್ಕಳಾಗಿ. ಮೂಲೆಯಲ್ಲಿ ಅಕಾರ್ಡಿಯನ್ ಒಂದೇ ಸ್ವರ ಹಿಡಿದು ನಿಂತಿತ್ತು. ಮುದುಕಿಯ ಹೆಸರು ಹನೋರಾ ಗ್ರೇಡಿ. ಬರ್ಲಿನ್ನಿನ ಅಡುಗೆಮನೆಯಲ್ಲಿ ಕೂತು ಕೋಲ್ಮನ್ ಸೃಷ್ಟಿಸಿದ ಹೆಸರು.

ಪ್ರಚಾರವೂ ಅಷ್ಟೇ ಸರಳ. ಊರಿನ ರೇಡಿಯೋಗೆ ಒಂದು ಸಾಲು ಕೊಟ್ಟಿದ್ದ: ಹನೋರಾ ಗ್ರೇಡಿ, ಶನಿವಾರ ಸಂಜೆ ಏಳಕ್ಕೆ, ಚರ್ಚಿನ ಸಭಾಂಗಣ, ಎಲ್ಲರೂ ಬನ್ನಿ. 'ಒಪೆರಾ' ಎಂಬ ಪದವನ್ನು ತಾನೇ ಹೊಡೆದುಹಾಕಿದ್ದ. ಆ ಪದ ಕೇಳಿದರೆ ಊರು ಕದ ಹಾಕಿಕೊಳ್ಳುತ್ತದೆ.

"ಯಾವಾಗ ಓದ್ಲಿ?" ಎಂದು ರೇಡಿಯೋದ ಹುಡುಗಿ ಕೇಳಿದ್ದಳು.

"ಊರಿಗೆ ಊರೇ ಕಿವಿಗೊಡೋ ಹೊತ್ತಲ್ಲಿ."

"ಹಂಗಾದ್ರೆ ಒಂಬತ್ತರ ವಾರ್ತೆ ಮುಗಿದ ಕೂಡ್ಲೇ. ಆಗ ಟೀ ಕಲಕೋ ಸದ್ದೂ ಇರಲ್ಲ."

ಹುಡುಗಿ ಹೇಳಿದ್ದು ಸುಳ್ಳಾಗಲಿಲ್ಲ. ಜನ ಬಂದರು, ಅದೂ ಎಂಥ ಮರ್ಯಾದೆಯಿಂದ! ಗಂಡಸರು ಕಪ್ಪು ಕೋಟು ತೊಟ್ಟು, ತಲೆ ಬಾಚಿ ಬಂದರು. ಹೆಂಗಸರು ಸ್ಯಾಂಡ್‌ವಿಚ್ ತಟ್ಟೆ ಹೊತ್ತು ತಂದು, ಯಾರನ್ನೂ ಕೇಳದೆ ಅಡುಗೆಕೋಣೆ ವಶಪಡಿಸಿಕೊಂಡರು. ಮುದುಕ ಬ್ಯಾಟಿ ಕನ್ಸಿಡೀನ್ ಮತ್ತು ಅವನ ಜೊತೆಗಿದ್ದ ಮೂವರ ಬೂಟಿಗೆ ಮಾತ್ರ ಮೊಣಕಾಲುದ್ದ ಕೆಸರು. ಹಾಗಾದರೂ ಬಂದರಲ್ಲ ಎಂದುಕೊಂಡ ಕೋಲ್ಮನ್.

ಆಮೇಲೆ ನಡೆದದ್ದು ಅವನು ಬರೆದದ್ದಲ್ಲ. ಜನ ಸಾಲುಗಟ್ಟಿದರು. ಪೆಟ್ಟಿಗೆಯನ್ನು ಮುಟ್ಟಿ, ಒಬ್ಬೊಬ್ಬ ಗಾಯಕರ ಕೈಯನ್ನೂ ಕುಲುಕುತ್ತಾ ಸಾಗಿದರು. ಗಾಯಕರು ಗಾಬರಿಯಿಂದ ಕೋಲ್ಮನ್ ಕಡೆ ನೋಡಿದರು. ನಿಲ್ಲಿಸಬೇಡಿ ಎಂದು ಅವನು ಕೈಸನ್ನೆ ಮಾಡಿದ.

ಹಿರಿಮಗಳಾಗಿದ್ದ ಗಾಯಕಿ ಒಂದೇ ಸ್ವರದಲ್ಲಿ "ಹೋದಳು... ಹೋದಳು..." ಎಂದು ಎಳೆಯುತ್ತಿದ್ದಳು. ಬ್ಯಾಟಿ ಅವಳ ಎರಡೂ ಕೈ ಹಿಡಿದುಕೊಂಡ.

"ಅತ್ತುಬಿಡು ತಾಯಿ. ಒಳಗಿಟ್ಕೋಬೇಡ."

ಅವಳ ಸ್ವರ ನಿಜವಾಗಿಯೂ ಒಡೆಯಿತು. ತಾಲೀಮಿನಲ್ಲಿ ಒಂದು ದಿನವೂ ಹಾಗೆ ಒಡೆದಿರಲಿಲ್ಲ.

ಪ್ರಂಟಿ ಎದ್ದು ಬಂದು ಪಿಸುಗುಟ್ಟಿದರು. "ಇವರಿಗೆಲ್ಲ ನೀವು ಹೇಳಿಕೊಟ್ಟಿದ್ದಾ?"

"ಇಲ್ಲ ಮೇಡಂ. ಒಂದೇ ಒಂದು ಮಾತು ಹೇಳಿಕೊಟ್ಟಿಲ್ಲ."

ಪಕ್ಕದಲ್ಲೇ ಇಬ್ಬರು ಹೆಂಗಸರು ಟೀ ಕುಡಿಯುತ್ತಿದ್ದರು.

"ಯಾವ ಗ್ರೇಡಿ ಇವಳು?"

"ಗುಡ್ಡದ ಆಚೆಯೋರು ಕಣೇ. ಗೊತ್ತಿಲ್ವಾ ನಿಂಗೆ?"

"ಗೊತ್ತಿಲ್ದೆ ಏನು! ಬಂಗಾರದಂಥ ಹೆಂಗ್ಸು."

"ಬಾಯಿ ಮಾತ್ರ ಸ್ವಲ್ಪ ಜೋರು."

"ಈಗ್ಯಾಕೆ ಅದೆಲ್ಲ, ಬಿಡು."

ಕೋಲ್ಮನ್‌ನ ಕಣ್ಣು ಮಂಜಾಯಿತು. ಹುಟ್ಟಿಯೇ ಇರದ ಹೆಂಗಸಿಗೆ ಊರು ಗುಣ ಕೊಡುತ್ತಿದೆ, ದೋಷವನ್ನೂ ಕೊಡುತ್ತಿದೆ. ಪ್ರೇಕ್ಷಕನೇ ಕೃತಿಯನ್ನು ಪೂರ್ತಿಗೊಳಿಸಬೇಕೆಂದು ಅವನು ಇಪ್ಪತ್ತು ವರ್ಷದಿಂದ ಬಡಿದುಕೊಂಡಿದ್ದು ಇದನ್ನೇ ಅಲ್ಲವೇ?

ಅಷ್ಟರಲ್ಲಿ ಒಬ್ಬ ಅಜ್ಜಿ ಮೊಣಕಾಲೂರಿ ಜಪಮಾಲೆ ಹಿಡಿದಳು. ಅವಳು ಅರ್ಧ ಪ್ರಾರ್ಥನೆ ಹೇಳಿದರೆ ಉಳಿದರ್ಧವನ್ನು ಇಡೀ ಸಭಾಂಗಣ ಗುನುಗಿತು. ಕೆಳಗೆ ಅಕಾರ್ಡಿಯನ್ನಿನ ಒಂಟಿ ಸ್ವರ. ಪ್ರಂಟಿ ಕನ್ನಡಕ ತೆಗೆದು ಕಣ್ಣೊರೆಸಿಕೊಂಡರು.

ಆಟ ಮುಗಿಯಿತು. ಯಾರೂ ಚಪ್ಪಾಳೆ ತಟ್ಟಲಿಲ್ಲ.

ಒಬ್ಬರೂ ಇಲ್ಲ. ಕೋಲ್ಮನ್ ಒಂದೊಂದೇ ಮುಖ ನೋಡಿದ. ತಪ್ಪಾಯಿತೇ? ಎಲ್ಲಿ ತಪ್ಪಾಯಿತು? ಅಕಾರ್ಡಿಯನ್ ಹೆಚ್ಚಾಯಿತೇ?

"ನೋಡಿದ್ರಾ?" ಪ್ರಂಟಿ ಅವನ ತೋಳು ಹಿಡಿದರು. "ಚಪ್ಪಾಳೆ ತಟ್ಟೋಕೂ ಮನಸ್ಸು ಬರ್ಲಿಲ್ಲ ಅವರಿಗೆ. ಇದು ನಾಟಕ ಅನ್ನೋದನ್ನೇ ಮರೆಸಿಬಿಟ್ರಿ ನೀವು. ನಿಮ್ಮ ತಂಡ ಮುಚ್ಚಲ್ಲ, ಟೂಹಿ. ಅನುದಾನದ ಬಗ್ಗೆ ನಾನು ಸಮಿತಿಗೆ ಹೇಳ್ತೀನಿ. ಬರೋ ವರ್ಷ ಇದನ್ನೇ ಊರೂರಿಗೆ ತಗೊಂಡು ಹೋಗಿ."

ಕೋಲ್ಮನ್ ಅವರ ಕೈ ಕುಲುಕಿದ. ಊರು ಅವನನ್ನು ಕಡೆಗೂ ಕ್ಷಮಿಸಿತ್ತು.

ಬಾಗಿಲ ಬಳಿ ಬ್ಯಾಟಿ ಟೊಪ್ಪಿಯನ್ನು ಕೈಯಲ್ಲಿ ಹಿಡಿದು ಕಾಯುತ್ತಿದ್ದ.

"ಮಗಾ, ಒಂದು ಮಾತು. ಈ ಮೇಡಂ ಮುಂದೆ ಕೇಳ್ಬಹುದಾ?"

"ಕೇಳಿ ಬ್ಯಾಟಿಯವ್ರೇ. ಇವತ್ತು ಏನು ಬೇಕಾದ್ರೂ ಕೇಳಿ."

"ಒಂಬತ್ತರ ವಾರ್ತೆ ಆದ್ಮೇಲೆ ರೇಡಿಯೋದಲ್ಲಿ ಸತ್ತೋರ ಹೆಸರು ಓದ್ತಾರಲ್ಲ, ಅದ್ರಲ್ಲಿ ಕೇಳಿದ ಕೂಡ್ಲೇ ನಾವು ನಾಲ್ಕು ಜನ ಹೋಗಿ ಸ್ಮಶಾನದಲ್ಲಿ ಗ್ರೇಡಿಗಳ ಹಳೇ ಜಾಗದಲ್ಲಿ ಗುಂಡಿ ತೋಡಿ ಬಂದ್ವಿ. ನಾಳೆ ಎಷ್ಟೊತ್ತಿಗಪ್ಪಾ ಎತ್ತೋದು ಅಜ್ಜೀನ?"